ಕಂದಕದೊಳಗೆ ಆರು ಮೀಟರ್ ಕ್ಯಾನ್ವಾಸ್ ಇಳಿಯುವುದಿಲ್ಲ

ಪ್ರಶ್ನೆ: ಮೊದಲ ಮಹಾಯುದ್ಧದ ಬ್ರಿಟಿಷ್ ಕಲಾವಿದರು ಆ ದೊಡ್ಡ ದೊಡ್ಡ ಚಿತ್ರಗಳನ್ನು ರಣರಂಗದಲ್ಲೇ ಕೂತು ಬರೆದರೇ?

ಇಲ್ಲ. ಎಷ್ಟು ಸಲ ‘ಇಲ್ಲ’ ಅಂದರೂ ಈ ಪ್ರಶ್ನೆ ಮತ್ತೆ ಬರುತ್ತದೆ. ಈ ಸಲ ಬಣ್ಣದಿಂದಲೇ ಶುರು ಮಾಡೋಣ.

ಎಣ್ಣೆಬಣ್ಣ ನೀರು ಆರಿದಂತೆ ಆರುವುದಿಲ್ಲ. ಅದರೊಳಗಿನ ಅಗಸೆ ಎಣ್ಣೆ ಗಾಳಿಯ ಆಮ್ಲಜನಕ ಹೀರಿ ಗಟ್ಟಿಯಾಗಬೇಕು. ತೆಳುವಾಗಿ ಬಳಿದರೂ ಮುಟ್ಟುವಂತಾಗಲು ಕೆಲವು ದಿನ ಬೇಕು, ದಪ್ಪಗೆ ಬಳಿದರೆ ವಾರಗಟ್ಟಲೆ. ಹಸಿಯಾಗಿದ್ದಾಗ ಸುತ್ತಿದರೆ ಅಂಟಿಕೊಳ್ಳುತ್ತದೆ, ಬಿಚ್ಚಿಟ್ಟರೆ ಕೆಸರು ಮೆತ್ತುತ್ತದೆ. ಇನ್ನು ಅಳತೆ. ಬ್ರಿಟಿಷ್ ಸರ್ಕಾರಕ್ಕಾಗಿ ಅಮೆರಿಕನ್ ಕಲಾವಿದ ಜಾನ್ ಸಿಂಗರ್ ಸಾರ್ಜೆಂಟ್ ಬರೆದ ‘ಗ್ಯಾಸ್ಡ್’ 6 ಮೀಟರಿಗೂ ಹೆಚ್ಚು ಉದ್ದ, 2.3 ಮೀಟರ್ ಎತ್ತರ. (ಸಾರ್ಜೆಂಟ್ ಎನ್ನುವುದು ಹೆಸರು, ಹುದ್ದೆಯಲ್ಲ. ಇದನ್ನೂ ಕೇಳುತ್ತಾರೆ.) ಸೈನಿಕರು ಅಡಗಿ ಕಾದಾಡುತ್ತಿದ್ದ, ಎದುರಿಗೊಬ್ಬ ಬಂದರೆ ಓರೆಯಾಗಿ ನಿಲ್ಲಬೇಕಾದ ಕಂದಕಕ್ಕೆ ಇದನ್ನು ಹೇಗೆ ಇಳಿಸುತ್ತೀರಿ? ಆ ಚಿತ್ರದಲ್ಲಿರುವ, ವಿಷಾನಿಲ ತಗಲಿ ಕಣ್ಣಿಗೆ ಬಟ್ಟೆ ಕಟ್ಟಿಕೊಂಡ ಸೈನಿಕರನ್ನು ಸಾರ್ಜೆಂಟ್ 1918ರ ಆಗಸ್ಟಿನಲ್ಲಿ ಫ್ರಾನ್ಸಿನ ಅರಾಸ್ ಬಳಿ ಕಂಡದ್ದು ನಿಜ. ಚಿತ್ರ ಮುಗಿದದ್ದು 1919ರಲ್ಲಿ, ಲಂಡನ್ನಿನ ಸ್ಟುಡಿಯೋದಲ್ಲಿ. ಅಷ್ಟರಲ್ಲಿ ಯುದ್ಧವೇ ನಿಂತಿತ್ತು.

ರಣರಂಗದ ಹತ್ತಿರ ನಡೆಯುತ್ತಿದ್ದದ್ದು ಬೇರೆ ಕೆಲಸ. ಬ್ರಿಟಿಷ್ ಕಲಾವಿದ ಪಾಲ್ ನ್ಯಾಶ್ 1917ರ ಕೊನೆಯಲ್ಲಿ ಬೆಲ್ಜಿಯಂನ ಈಪ್ರ ಸುತ್ತ ಓಡಾಡಿ ಕಂದು ಕಾಗದದ ಮೇಲೆ ಶಾಯಿ, ಚಾಕ್ ಹಿಡಿದು ರೇಖಾಚಿತ್ರ ಬರೆದರು. ಕಂದು ಏಕೆಂದರೆ ನಡುವಿನ ಛಾಯೆಯನ್ನು ಕಾಗದವೇ ಕೊಡುತ್ತದೆ. ಕಪ್ಪಿನಲ್ಲಿ ನೆರಳು, ಬಿಳಿ ಚಾಕಿನಲ್ಲಿ ಬೆಳಕು ಹಾಕಿದರೆ ನಿಮಿಷಗಳಲ್ಲಿ ಬಯಲು ಎದ್ದು ಕಾಣುತ್ತದೆ. ಬಿಳಿ ಹಾಳೆಯಾದರೆ ಮೊದಲು ಛಾಯೆ ತುಂಬುತ್ತ ಕೂರಬೇಕು, ಶೆಲ್ ಬೀಳುವ ಕಡೆ ಅಷ್ಟು ಪುರುಸೊತ್ತು ಎಲ್ಲಿ? ನ್ಯಾಶ್ ಎಣ್ಣೆಬಣ್ಣಕ್ಕೆ ಕೈ ಹಾಕಿದ್ದೇ ಊರಿಗೆ ಮರಳಿದ ಮೇಲೆ. ರಣರಂಗದ ಬಳಿ ಬರೆದ ಒಂದು ಸೂರ್ಯೋದಯದ ರೇಖಾಚಿತ್ರವೇ 1918ರ ‘ವಿ ಆರ್ ಮೇಕಿಂಗ್ ಎ ನ್ಯೂ ವರ್ಲ್ಡ್’ ಎಂಬ ಎಣ್ಣೆಬಣ್ಣದ ಚಿತ್ರಕ್ಕೆ ಮೂಲ. ಅವರದೇ ಇನ್ನೊಂದು ಚಿತ್ರ ‘ದಿ ಮೆನಿನ್ ರೋಡ್’ ಶುರುವಾದದ್ದು ಇಂಗ್ಲೆಂಡಿನ ಹಳ್ಳಿಯೊಂದರಲ್ಲಿ, ಗಿಡಮೂಲಿಕೆ ಒಣಗಿಸುತ್ತಿದ್ದ ಶೆಡ್ಡಿನಲ್ಲಿ.

‘ಹಾಗಾದರೆ ಕಲ್ಪಿಸಿ ಬರೆದದ್ದು’ ಅನ್ನಬೇಡಿ. ಪಾಲ್ ಅವರ ತಮ್ಮ ಜಾನ್ ನ್ಯಾಶ್ 1917ರ ಡಿಸೆಂಬರ್ 30ರಂದು ಫ್ರಾನ್ಸಿನ ಮಾರ್ಕ್ವಾಂಗ್ ಬಳಿ ಕಂದಕ ಹತ್ತಿ ಮುನ್ನುಗ್ಗಿದ 80 ಜನರಲ್ಲಿ ಒಬ್ಬರು. ಕೆಲವೇ ನಿಮಿಷಗಳಲ್ಲಿ 68 ಮಂದಿ ಸತ್ತರು ಅಥವಾ ಗಾಯಗೊಂಡರು. ಅದನ್ನೇ ತೋರಿಸುವ ‘ಓವರ್ ದಿ ಟಾಪ್’ ಚಿತ್ರವನ್ನು ಅವರು ಬರೆದದ್ದು ತಿಂಗಳುಗಳಾದ ಮೇಲೆ, ನೆನಪಿನಿಂದ. ಆ ಹಿಮದಲ್ಲಿ ಅವರ ಕೈಯಲ್ಲಿ ಕುಂಚ ಇರಬೇಕಿತ್ತೇ?

ಯಾರೂ ಕೇಳದ, ಕೇಳಬೇಕಾಗಿದ್ದ ಪ್ರಶ್ನೆ ಇನ್ನೊಂದಿದೆ: ಬೇರೆ ಬೇರೆ ಕಲಾವಿದರ ಚಿತ್ರಗಳಿಗೆ ಒಂದೇ ಅಳತೆ ಏಕೆ? ‘ದಿ ಮೆನಿನ್ ರೋಡ್’ ಮತ್ತು ವಿಂಡಮ್ ಲೂಯಿಸ್ ಬರೆದ ‘ಎ ಬ್ಯಾಟರಿ ಷೆಲ್ಡ್’ ಎರಡರ ಅಳತೆಯೂ ಸುಮಾರು 183 × 317 ಸೆಂಟಿಮೀಟರ್. ಕಾಕತಾಳೀಯವಲ್ಲ. 1918ರಲ್ಲಿ ಸರ್ಕಾರದ ಸಮಿತಿ ಒಂದು ಸ್ಮಾರಕ ಭವನಕ್ಕೆಂದು ಚಿತ್ರಗಳನ್ನು ಬರೆಸಿತು. ಅಳತೆಗೆ ಮಾದರಿಯಾಗಿ ಹಿಡಿದದ್ದು ಲಂಡನ್ನಿನ ನ್ಯಾಷನಲ್ ಗ್ಯಾಲರಿಯಲ್ಲಿರುವ, 15ನೇ ಶತಮಾನದ ಇಟಲಿಯ ಕಲಾವಿದ ಪಾವ್ಲೊ ಉಚೆಲ್ಲೊ ಬರೆದ ‘ಸ್ಯಾನ್ ರೊಮಾನೊ ಕದನ’ವನ್ನು. ‘ಗ್ಯಾಸ್ಡ್’ ಅದೇ ಭವನದ ನಟ್ಟನಡುವೆ ತೂಗಬೇಕಿತ್ತು, ಅದಕ್ಕೇ ಅಷ್ಟು ಉದ್ದ. ಭವನ ಕಟ್ಟಲೇ ಇಲ್ಲ. ಚಿತ್ರಗಳು ಇಂಪೀರಿಯಲ್ ವಾರ್ ಮ್ಯೂಸಿಯಂ ಸೇರಿದವು.