ಹುಟ್ಟಿದ ಇಸವಿಯಿಂದ ಶುರು ಮಾಡಬೇಡಿ

ಪಿಯಾನೊ ಕಲಿಯಲು ಬರುವ ಮಕ್ಕಳ ತಂದೆತಾಯಿಗಳು ಪದೇ ಪದೇ ಕೇಳುವ ಪ್ರಶ್ನೆ ಒಂದಿದೆ: "ಬಾಖ್, ಮೊಝಾರ್ಟ್, ಬೀಥೋವನ್ ಇಂಥ ಪಾಶ್ಚಾತ್ಯ ಸಂಯೋಜಕರ ಬಗ್ಗೆಯೂ ಮಗುವಿಗೆ ಹೇಳಬೇಕು ಅಂತಿದೆ, ಎಲ್ಲಿಂದ ಶುರು ಮಾಡೋಣ?" ಕೇಳುವ ಹೊತ್ತಿಗೆ ಎಷ್ಟೋ ಜನ ಶುರು ಮಾಡಿಯೂ ಆಗಿರುತ್ತದೆ. ಹುಟ್ಟಿದ ಇಸವಿ, ಊರು, ತಂದೆಯ ಹೆಸರು, ಮೊದಲ ಕೃತಿ ಬರೆದ ವಯಸ್ಸು, ಒಟ್ಟು ಸಿಂಫನಿಗಳು (ಇಡೀ ವಾದ್ಯವೃಂದಕ್ಕೆ ಬರೆದ ದೊಡ್ಡ ಕೃತಿಗಳು) ಎಷ್ಟು. ಮಗು ಅಷ್ಟನ್ನೂ ತಪ್ಪಿಲ್ಲದೆ ಒಪ್ಪಿಸುತ್ತದೆ. ಮುಂದಿನ ವಾರಕ್ಕೆ ಒಂದೂ ನೆನಪಿರುವುದಿಲ್ಲ.

ನಾನು ಒಬ್ಬ ಸಂಯೋಜಕನ ಬದುಕಿನಿಂದ ಒಂದೇ ಒಂದು ಘಟನೆ ಆರಿಸಿಕೊಳ್ಳುತ್ತೇನೆ. ಅದು ಕಿವಿಗೆ ಕೇಳಿಸುವಂಥ ಘಟನೆಯಾಗಿರಬೇಕು. ಕಥೆ ಹೇಳಿ ಮುಗಿಸಿದ ಕೂಡಲೇ ನುಡಿಸಲೋ ಕೇಳಿಸಲೋ ಅದಕ್ಕೆ ಸೇರಿದ ಒಂದು ತುಣುಕು ಸಂಗೀತ ಇರಬೇಕು. ಅದಿಲ್ಲದ ಕಥೆ ಎಷ್ಟೇ ಸೊಗಸಾಗಿದ್ದರೂ ಮೊದಲ ಪರಿಚಯಕ್ಕೆ ಅದು ಬೇಡ.

ಹೈಡನ್ ಇದಕ್ಕೆ ಹೇಳಿ ಮಾಡಿಸಿದವನು. ಅವನು ಎಸ್ಟರ್ಹಾಜಿ ಮನೆತನದ ಆಸ್ಥಾನದಲ್ಲಿ ಸಂಗೀತಗಾರ. 1772ರಲ್ಲಿ ಪ್ರಭು ನಿಕೊಲಾಸ್ ತನ್ನ ಬೇಸಿಗೆ ಅರಮನೆಯಲ್ಲಿ ಮಾಮೂಲಿಗಿಂತ ಹೆಚ್ಚು ದಿನ ಉಳಿದುಬಿಟ್ಟ. ವಾದಕರ ಹೆಂಡಿರು ಮಕ್ಕಳೆಲ್ಲ ದೂರದ ಊರಿನಲ್ಲಿ. ಮನೆಗೆ ಕಳಿಸಿ ಎಂದು ಕೇಳುವ ಧೈರ್ಯ ಯಾರಿಗಿದೆ? ಹೈಡನ್ 45ನೇ ಸಿಂಫನಿ ಬರೆದ. ಅದರ ಕೊನೆಯ ಭಾಗ ರಭಸದಿಂದ ಹೊರಟು, ನಡುವೆ ತಟ್ಟನೆ ನಿಂತು, ನಿಧಾನ ಗತಿಗೆ ತಿರುಗುತ್ತದೆ. ಅಲ್ಲಿಂದ ಮುಂದೆ ವಾದಕರು ತಮ್ಮ ತಮ್ಮ ಪಾಲು ಮುಗಿಸಿ, ಎದುರಿನ ಮೇಣದಬತ್ತಿ ಆರಿಸಿ ಎದ್ದು ಹೋಗುತ್ತಾರೆ. ಕೊನೆಗೆ ಉಳಿಯುವುದು ಎರಡೇ ಪಿಟೀಲು. ಪ್ರಭುವಿಗೆ ಅರ್ಥವಾಯಿತು, ಎಲ್ಲರೂ ಹೊರಡುವ ಏರ್ಪಾಡಾಯಿತು ಎಂದು ಹೈಡನ್‌ನ ಹಳೆಯ ಚರಿತ್ರಕಾರರು ಬರೆದಿದ್ದಾರೆ.

ತರಗತಿಯಲ್ಲಿ ಇದನ್ನು ನಾವು ಆಡಿಯೇ ನೋಡುತ್ತೇವೆ. ಒಬ್ಬೊಬ್ಬರಿಗೆ ಒಂದೊಂದು ವಾದ್ಯ, ಕೈಯಲ್ಲೊಂದು ಪುಟ್ಟ ಟಾರ್ಚು. ತನ್ನ ವಾದ್ಯದ ದನಿ ನಿಂತದ್ದು ಗೊತ್ತಾದಾಗ ಟಾರ್ಚು ಆರಿಸಿ ಬಾಗಿಲಾಚೆ ಹೋಗಬೇಕು. ಮೊದಲು ಹೋಗುವುದು ಒಂದನೇ ಓಬೋ ಮತ್ತು ಎರಡನೇ ಹಾರ್ನ್, ಎರಡೂ ಊದುವ ವಾದ್ಯಗಳು. ಪಿಟೀಲಿನಂಥದೇ ಆದರೆ ಬಲು ದೊಡ್ಡ ವಾದ್ಯವಾದ ಡಬಲ್ ಬಾಸ್ ಪಾಲಿಗೆ ಬಂದ ಮಗುವಿಗೆ ಹೋಗುವ ಮುನ್ನ ದೊಡ್ಡದೊಂದು ಒಂಟಿ ಭಾಗ ಸಿಗುತ್ತದೆ. ಆ ಒಂದು ಸಲದಲ್ಲಿ ಮಕ್ಕಳು ವಾದ್ಯಗಳ ದನಿಯನ್ನು ಎಷ್ಟು ಕಿವಿಗೊಟ್ಟು ಕೇಳುತ್ತಾರೆಂದರೆ, ಬೇರೆ ಯಾವ ಪಾಠದಲ್ಲೂ ಅಂಥ ಗಮನ ನಾನು ಕಂಡಿಲ್ಲ. ಆಮೇಲೆ ಯಾರಾದರೂ ಒಬ್ಬರು ಕೇಳಿಯೇ ಕೇಳುತ್ತಾರೆ, "ರಾಜನಿಗೆ ಕೋಪ ಬರಲಿಲ್ವಾ?" ಚರಿತ್ರೆ ಹೇಳುವ ಸಮಯ ಅದು. ಹೈಡನ್‌ನ 1761ರ ಕರಾರಿನ ಪ್ರಕಾರ ಅವನು ಸಮವಸ್ತ್ರ ತೊಡಬೇಕಿತ್ತು. ದಿನಕ್ಕೆ ಎರಡು ಹೊತ್ತು ಪ್ರಭುವಿನ ಕೋಣೆಯ ಹೊರಗೆ ಬಂದು, ಇವತ್ತು ಸಂಗೀತ ಬೇಕೇ ಎಂದು ವಿಚಾರಿಸಬೇಕಿತ್ತು. ತಾವೇ ಕೇಳಿ ಪಡೆದ ಉತ್ತರವಾದ್ದರಿಂದ ಇದು ಮಕ್ಕಳ ಮನಸ್ಸಿನಲ್ಲಿ ಉಳಿಯುತ್ತದೆ.

ಮೊಝಾರ್ಟ್ ವಿಷಯದಲ್ಲಿ ನನಗೆ ಒಂದು ಆತಂಕವಿದೆ. ಅವನ ಬಾಲಪ್ರತಿಭೆಯ ಕಥೆ ಎಲ್ಲರ ನಾಲಿಗೆಯ ತುದಿಯಲ್ಲಿದೆ. "ಅವನು ಐದು ವರ್ಷಕ್ಕೇ ಸಂಗೀತ ಬರೆದ ಗೊತ್ತಾ" ಎಂಬ ಮಾತು ಎಂಟು ವರ್ಷದ ಮಗುವಿಗೆ ಹೇಗೆ ಕೇಳಿಸೀತು, ಯೋಚಿಸಿ. "ನನಗಂತೂ ಆಗಲೇ ಹೊತ್ತು ಮೀರಿತು" ಎಂದೇ! ಅದರ ಬದಲು ನಾನು ಅವನ ಅಕ್ಕನ ಪುಸ್ತಕದ ಕಥೆ ಹೇಳುತ್ತೇನೆ. ಅಪ್ಪ ಲಿಯೊಪೋಲ್ಡ್ ಪಿಟೀಲು ಮೇಷ್ಟ್ರು. ಮಗ ಹುಟ್ಟಿದ 1756ರಲ್ಲೇ ಪಿಟೀಲು ಕಲಿಕೆಯ ಗ್ರಂಥ ಪ್ರಕಟಿಸಿದವನು. ಮಗಳು ನಾನೆರ್ಲ್‌ಗೆಂದು ಅವನು ಒಂದು ಪಾಠದ ಪುಸ್ತಕ ಮಾಡಿದ. ತಮ್ಮ ಕಲಿತದ್ದು ಅದೇ ಪುಸ್ತಕದಿಂದ. ಅದರ ಒಂದು ಮಿನುಯೆಟ್ (ನೃತ್ಯದ ಲಯದ ಪುಟ್ಟ ತುಣುಕು) ಪಕ್ಕದಲ್ಲಿ ಅಪ್ಪನ ಕೈಬರಹದ ಟಿಪ್ಪಣಿ ಇದೆ: ಇದನ್ನು ವುಲ್ಫ್‌ಗಾಂಗ್ 1761ರ ಜನವರಿ 26ರಂದು, ಐದು ತುಂಬುವ ಹಿಂದಿನ ದಿನ, ರಾತ್ರಿ ಒಂಬತ್ತೂವರೆಗೆ ಅರ್ಧ ಗಂಟೆಯಲ್ಲಿ ಕಲಿತ. ಅಕ್ಕನ ಪುಸ್ತಕ, ಅಪ್ಪನ ಮೇಷ್ಟ್ರುಗಿರಿ, ಆ ಹೊತ್ತಿನಲ್ಲೂ ಸಂಗೀತ ನಡೆಯುವ ಮನೆ. ಪ್ರತಿಭೆ ಇತ್ತು, ಅನುಮಾನವಿಲ್ಲ; ಆದರೆ ಅದು ಬೆಳೆದ ಮನೆ ಮಗುವಿಗೆ ಕಾಣಬೇಕು. ನಾನೆರ್ಲ್ ಮುಂದೆ ಏನಾದಳು ಎಂಬುದನ್ನೂ ಹೇಳಿ. ತಮ್ಮನ ಜೊತೆ ಯುರೋಪೆಲ್ಲ ಸುತ್ತಿ ನುಡಿಸಿದವಳು ಅವಳು. 1769ರಲ್ಲಿ ಅಪ್ಪ ಮಗ ಇಟಲಿಗೆ ಹೊರಟಾಗ ಅವಳನ್ನು ಮನೆಯಲ್ಲೇ ಬಿಟ್ಟರು. ಇದನ್ನು ಕೇಳಿದ ಹುಡುಗಿಯರ ಮುಖದಲ್ಲಿ ಕಾಣುವ ಸಿಟ್ಟು ನ್ಯಾಯವಾದದ್ದು, ಅದನ್ನು ಸಮಾಧಾನ ಮಾಡಲು ಹೋಗಬೇಡಿ.

ಇನ್ನೂ ಚಿಕ್ಕವರಿಗೆ ಅವನ ಹಕ್ಕಿಯ ಕಥೆ ಸಾಕು. 1784ರ ಮೇ 27ರಂದು ಮೊಝಾರ್ಟ್ 34 ಕ್ರೂಟ್ಸರ್ (ಆ ಕಾಲದ ಚಿಲ್ಲರೆ ನಾಣ್ಯ) ಕೊಟ್ಟು ಮೈನಾ ಬಳಗದ ಒಂದು ಸ್ಟಾರ್ಲಿಂಗ್ ಹಕ್ಕಿ ಕೊಂಡ. ಖರ್ಚಿನ ಪುಸ್ತಕದಲ್ಲಿ ಬೆಲೆಯ ಜೊತೆಗೆ ಅದು ಹಾಡಿದ ರಾಗದ ಸ್ವರಲಿಪಿಯನ್ನೂ ಬರೆದು, ಚೆನ್ನಾಗಿತ್ತು ಎಂದು ಸೇರಿಸಿದ. ಅದು ಅವನದೇ 17ನೇ ಪಿಯಾನೊ ಕಾನ್ಸರ್ಟೊದ (ಪಿಯಾನೊ ಮತ್ತು ವಾದ್ಯವೃಂದ ಸೇರಿ ನುಡಿಸುವ ಕೃತಿ) ಕೊನೆಯ ಭಾಗದ ರಾಗ. ಹಕ್ಕಿ ಮಾತ್ರ ಸ್ವರ ಏರಿಸಿ, ಬೇಡದ ಕಡೆ ನಿಂತು ಹಾಡಿತ್ತು. ಎರಡನ್ನೂ ನುಡಿಸಿ, ಹಕ್ಕಿ ಎಲ್ಲಿ ತಪ್ಪಿತು ಎಂದು ಕೇಳಿ.

ಕಟ್ಟುಕಥೆಗಳನ್ನು ದಯವಿಟ್ಟು ಬಿಡಿ. ಬೀಥೋವನ್ ಕುರುಡು ಹುಡುಗಿಗಾಗಿ ಬೆಳದಿಂಗಳಲ್ಲಿ 'ಮೂನ್‌ಲೈಟ್' ಸೊನಾಟಾ ಎಂಬ ಪಿಯಾನೊ ಕೃತಿ ಕಟ್ಟಿದ ಎಂಬುದು ಹಾಗೊಂದು. ಆ ಹೆಸರಿಗೆ ಕಾರಣ ಅವನು ತೀರಿಹೋದ ಮೇಲೆ ರೆಲ್‌ಸ್ಟಾಬ್ ಎಂಬ ವಿಮರ್ಶಕ ಮಾಡಿದ ವರ್ಣನೆ. ಅದೇ ಕಾಲದ ಸಂಯೋಜಕ ಸಾಲಿಯೇರಿ ಮೊಝಾರ್ಟ್‌ಗೆ ವಿಷವಿಕ್ಕಿದ ಎಂಬುದೂ ಹಾಗೆಯೇ. ಮೊಝಾರ್ಟ್‌ನ ಕಿರಿಯ ಮಗ ಮುಂದೆ ಪಾಠ ಹೇಳಿಸಿಕೊಂಡದ್ದು ಅದೇ ಸಾಲಿಯೇರಿಯ ಹತ್ತಿರ.

ಬೀಥೋವನ್‌ನ ಕಿವುಡುತನವನ್ನು ಕಣ್ಣೀರಿನ ಕಥೆಯಾಗಿ ಹೇಳುವುದು ನನಗೆ ಇಷ್ಟವಿಲ್ಲ. ಮಕ್ಕಳಿಗೆ ಬೇಕಾದದ್ದು ಒಂದೇ: ಕೇಳಿಸದೆ ಬರೆದದ್ದು ಹೇಗೆ? ಅದಕ್ಕೆ ಅಭ್ಯಾಸದಲ್ಲೇ ಉತ್ತರವಿದೆ. ಒಂಬತ್ತನೇ ಸಿಂಫನಿಯ ಆನಂದಗೀತೆಯ ರಾಗ ಹೆಚ್ಚೂಕಡಿಮೆ ಅಕ್ಕಪಕ್ಕದ ಐದೇ ಸ್ವರಗಳಲ್ಲಿ ಓಡಾಡುತ್ತದೆ, ಹೊಸಬರಿಗೂ ಬರುತ್ತದೆ. ಮೊದಲ ಸಾಲು ಬಾಯಿಬಿಟ್ಟು ಹಾಡಿ, ಎರಡನೆಯದನ್ನು ಮನಸ್ಸಿನಲ್ಲೇ ಹಾಡಿಕೊಂಡು, ಮೂರನೆಯದಕ್ಕೆ ಮತ್ತೆ ದನಿ ತೆಗೆಯಿರಿ ಎನ್ನುತ್ತೇನೆ. ಎಲ್ಲರೂ ಒಟ್ಟಿಗೇ ಎತ್ತಿಕೊಂಡಾಗ ಅವರಿಗೇ ಅಚ್ಚರಿ. 1824ರ ಮೇ 7ರಂದು ವಿಯೆನ್ನಾದಲ್ಲಿ ಆ ಸಿಂಫನಿ ಮೊದಲ ಸಲ ನುಡಿದಾಗ ಬೀಥೋವನ್‌ಗೆ ಚಪ್ಪಾಳೆ ಕೇಳಿಸಲಿಲ್ಲ, ಕರೋಲಿನ್ ಉಂಗರ್ ಎಂಬ ಗಾಯಕಿ ಅವನನ್ನು ಜನರ ಕಡೆ ತಿರುಗಿಸಿದಳು ಎಂಬ ಪ್ರಸಂಗವನ್ನು ಇದಾದ ಮೇಲೆ ಹೇಳುತ್ತೇನೆ. ರಾಗ ಅವನೊಳಗೆ ಇತ್ತು ಎಂದು ಆಗ ಬಿಡಿಸಿ ಹೇಳಬೇಕಾಗುವುದಿಲ್ಲ.

ಮನೆಯಲ್ಲಿ ಶುರು ಮಾಡುವವರು ಸಂಯೋಜಕರು ತಮ್ಮ ಸ್ವಂತ ಮಕ್ಕಳಿಗಾಗಿ ಬರೆದದ್ದನ್ನು ಹುಡುಕಿಕೊಳ್ಳಿ. ಬಾಖ್ 1720ರಲ್ಲಿ ದೊಡ್ಡ ಮಗನಿಗೊಂದು ಪುಸ್ತಕ ಮಾಡಿಕೊಟ್ಟ, ಮಗನಿಗೆ ಆಗ ಒಂಬತ್ತು. ಡೆಬ್ಯುಸಿ ಪುಟ್ಟ ಮಗಳಿಗೆ, ಬಾರ್ಟೋಕ್ ಮಗ ಪೀಟರ್‌ಗೆ ಬರೆದರು. ನನ್ನ ಮೊದಲ ಆಯ್ಕೆ ಶುಮನ್. ಹಿರಿಯ ಮಗಳು ಮರೀಗೆ 1848ರಲ್ಲಿ ಏಳು ತುಂಬಿದಾಗ ಕೊಟ್ಟ ಕೆಲವು ಪುಟ್ಟ ತುಣುಕುಗಳೇ ಬೆಳೆದು 43 ತುಣುಕುಗಳ ಸಂಗ್ರಹವಾಯಿತು. ಅದರ ಮೊದಲ ತುಣುಕನ್ನು ಕಲಿಕೆಯ ಮೊದಲ ಹಂತ ದಾಟಿದ ಮಗು ತಾನೇ ನುಡಿಸಬಲ್ಲದು. ಮರೀಯ ಹುಟ್ಟುಹಬ್ಬದ ವಿಷಯವನ್ನು ಮೊದಲು ಹೇಳಿ, ಆಮೇಲೆ ಪುಸ್ತಕ ತೆರೆಯಿರಿ.