ಕಾರ್ಡಿನಿಂದ ಕಾರ್ಡಿಗೆ ದಾಟಿ ಬಂದ ಫೋಲ್ಡರ್‌ಗಳು: ಹ್ಯಾಂಡ್‌ಹೆಲ್ಡ್ ಕನ್ಸೋಲ್‌ಗಳಲ್ಲಿ ಆಟದ ಫೈಲ್ ಜೋಡಣೆಯ ಹಿನ್ನೆಲೆ

ಸೋನಿ ಕಂಪನಿಯ ಹ್ಯಾಂಡ್‌ಹೆಲ್ಡ್ ಕನ್ಸೋಲ್, ಅಂದರೆ ಕೈಯಲ್ಲಿ ಹಿಡಿದು ಆಡುವ ಯಂತ್ರವಾದ ಪಿಎಸ್‌ಪಿ ಕೈ ಬದಲಾಗಿ ಬಂದಾಗ ಅದರ ಮೆಮೊರಿ ಸ್ಟಿಕ್ಕನ್ನು ಕಂಪ್ಯೂಟರಿನಲ್ಲಿ ತೆರೆದರೆ, ಪಿಎಸ್‌ಪಿ ಎಂಬ ಫೋಲ್ಡರಿನೊಳಗೆ ಗೇಮ್, ಗೇಮ್150, ಗೇಮ್352 ಎಂದು ಹೆಚ್ಚುಕಡಿಮೆ ಒಂದೇ ಹೆಸರಿನ ಮೂರು ಫೋಲ್ಡರ್ ಕಾಣುವುದುಂಟು. ಅವುಗಳ ಒಳಗೆ ಕೆಲವದರ ಹೆಸರಿನ ಕೊನೆಗೆ ಶೇಕಡಾ ಚಿಹ್ನೆ ಇರುತ್ತದೆ. ಆಚೆ ಐಎಸ್‌ಒ ಎಂಬ ಇನ್ನೊಂದು ಫೋಲ್ಡರ್. ಯಾವುದು ಬೇಕು, ಯಾವುದು ಬೇಡ ಎಂದು ಗೊತ್ತಾಗದೆ ಎಲ್ಲವನ್ನೂ ಹಾಗೇ ಇಟ್ಟುಕೊಂಡು, ಕೇಳಿದವರಿಗೆ ಹಾಗೇ ನಕಲು ಮಾಡಿಕೊಡುವುದು ರೂಢಿಯಾಗಿಬಿಟ್ಟಿದೆ.

ಮಲೆನಾಡಿನಲ್ಲಿ ಈ ರೂಢಿ ಬೇರೂರಲು ಕಾರಣವಿದೆ. ಹೊಸನಗರ, ತೀರ್ಥಹಳ್ಳಿ, ಸಾಗರದ ಒಳಹಳ್ಳಿಗಳಲ್ಲಿ ದೊಡ್ಡ ಫೈಲನ್ನು ಇಳಿಸಿಕೊಳ್ಳಲು ಕೂರುವುದಕ್ಕಿಂತ, ಶಿವಮೊಗ್ಗಕ್ಕೆ ಹೋದಾಗ ಗೊತ್ತಿದ್ದವರ ಕಾರ್ಡಿನಿಂದ ನಕಲು ಮಾಡಿಕೊಂಡು ಬರುವುದು ಸಲೀಸು. ಮೊಬೈಲ್ ಅಂಗಡಿಯಲ್ಲಿ ಮೆಮೊರಿ ಕಾರ್ಡಿಗೆ ಹಾಡು ತುಂಬಿಸಿಕೊಳ್ಳುತ್ತಿದ್ದ ಕಾಲದ ಅಭ್ಯಾಸವೇ ಆಟಗಳಿಗೂ ಮುಂದುವರಿಯಿತು. ಹೀಗೆ ಬರುವ ಕಾರ್ಡಿನಲ್ಲಿ ಆಟದ ಜೊತೆ ಜೋಡಣೆಯೂ ಬರುತ್ತದೆ, ಆ ಜೋಡಣೆಯ ಕಾರಣ ಮಾತ್ರ ಬರುವುದಿಲ್ಲ. ಪ್ರತಿಯೊಂದು ಫೋಲ್ಡರೂ ಯಾವುದೋ ಒಂದು ಯಂತ್ರದ, ಯಾವುದೋ ಒಂದು ವರ್ಷದ ತಡೆಯನ್ನು ದಾಟಲು ಹುಟ್ಟಿದ್ದು. ಆ ತಡೆ ಈಗಿಲ್ಲ ಎಂದಾದರೆ ಫೋಲ್ಡರನ್ನು ಅಳಿಸಬಹುದು. ಇನ್ನೂ ಇದೆ ಎಂದಾದರೆ ಹೆಸರಿನಲ್ಲಿ ಒಂದಕ್ಷರ ತಪ್ಪಿದರೂ ಆಟ ತೆರೆಯುವುದಿಲ್ಲ.

ಪಿಎಸ್‌ಪಿ ಜಪಾನಿನಲ್ಲಿ ಬಿಡುಗಡೆಯಾದದ್ದು 2004ರ ಡಿಸೆಂಬರ್‌ನಲ್ಲಿ. ಮೊದಲ 1.00 ಫರ್ಮ್‌ವೇರ್ (ಯಂತ್ರವನ್ನು ನಡೆಸುವ ಒಳಗಿನ ತಂತ್ರಾಂಶ) ಕಂಪನಿಯ ಸಹಿ ಇಲ್ಲದ ಪ್ರೋಗ್ರಾಂಗಳನ್ನೂ, ಅಂದರೆ ಹವ್ಯಾಸಿಗಳು ಬರೆದ ಹೋಂಬ್ರೂವನ್ನೂ ನಡೆಸುತ್ತಿತ್ತು. 1.50 ಆವೃತ್ತಿ ಅದನ್ನು ತಡೆಯಿತು. 2005ರ ಮಧ್ಯಭಾಗದಲ್ಲಿ ಸಿಕ್ಕ ಮೊದಲ ದಾರಿಯಲ್ಲಿ ಪ್ರೋಗ್ರಾಂ ಶುರುವಾಗುವ ಹೊತ್ತಿಗೆ ಸರಿಯಾಗಿ ಒಂದು ಮೆಮೊರಿ ಸ್ಟಿಕ್ ತೆಗೆದು ಇನ್ನೊಂದನ್ನು ಹಾಕಬೇಕಿತ್ತು. ಸ್ವಲ್ಪ ದಿನಗಳಲ್ಲೇ ಕೆಎಕ್ಸ್‌ಪ್ಲಾಯ್ಟ್ ಎಂಬ ವಿಧಾನ ಬಂದು ಅದೇ ಕೆಲಸವನ್ನು ಒಂದೇ ಸ್ಟಿಕ್ಕಿನಲ್ಲಿ ಮಾಡಿಸಿತು. ಒಂದೇ ಹೆಸರಿನ ಎರಡು ಫೋಲ್ಡರ್ ಮಾಡಿ, ಒಂದರ ಕೊನೆಗೆ ಶೇಕಡಾ ಚಿಹ್ನೆ ಸೇರಿಸಿ, ಒಂದರಲ್ಲಿ ಐಕಾನು, ಇನ್ನೊಂದರಲ್ಲಿ ನಿಜವಾದ ಪ್ರೋಗ್ರಾಂ ಇಡಬೇಕಿತ್ತು. ಮೆನುವಿನಲ್ಲಿ ಜೊತೆಗೊಂದು ‘ಕೆಟ್ಟ ಡೇಟಾ’ ಎಂಬ ಐಕಾನೂ ಕಾಣುತ್ತಿತ್ತು. ಶೇಕಡಾ ಚಿಹ್ನೆಯ ಫೋಲ್ಡರ್‌ಗಳು ಆ ಕಾಲದವು. ಈಗಿನ ಕಸ್ಟಮ್ ಫರ್ಮ್‌ವೇರ್‌ನಲ್ಲಿ, ಅಂದರೆ ಹವ್ಯಾಸಿಗಳು ಮಾರ್ಪಡಿಸಿದ ಫರ್ಮ್‌ವೇರ್‌ನಲ್ಲಿ, ಅವುಗಳಿಗೆ ಕೆಲಸವಿಲ್ಲ.

2006ರಲ್ಲಿ ಡಾರ್ಕ್ ಅಲೆಕ್ಸ್ ಎಂಬ ಹೆಸರಿನ ಡೆವಲಪರ್ ಕಸ್ಟಮ್ ಫರ್ಮ್‌ವೇರ್ ಕೊಡತೊಡಗಿದ ಮೇಲೆ ಇನ್ನೊಂದು ತೊಡಕು ಎದುರಾಯಿತು. ಹಳೆಯ ಹೋಂಬ್ರೂಗೆ 1.50ರ ಕರ್ನಲ್ (ಫರ್ಮ್‌ವೇರ್‌ನ ತಿರುಳು) ಬೇಕು, ಹೊಸದಕ್ಕೆ 3ರ ಸರಣಿಯ ಕರ್ನಲ್ ಬೇಕು. ಯಾವುದಕ್ಕೆ ಯಾವ ಕರ್ನಲ್ ಎಂದು ಯಂತ್ರಕ್ಕೆ ತಿಳಿಸಿದ್ದು ಫೋಲ್ಡರಿನ ಹೆಸರೇ. ಗೇಮ್150ರಲ್ಲಿ ಇಟ್ಟದ್ದು ಹಳೆಯ ಕರ್ನಲ್‌ನಲ್ಲಿ ನಡೆಯುತ್ತಿತ್ತು, ಗೇಮ್352ರಲ್ಲಿ ಇಟ್ಟದ್ದು 3.52ರಲ್ಲಿ. 6.60 ಅಥವಾ 6.61 ಫರ್ಮ್‌ವೇರ್ ಇರುವ ಇಂದಿನ ಪಿಎಸ್‌ಪಿಗೆ ಗೇಮ್ ಒಂದೇ ಸಾಕು. ಹಳೆಯ ಎರಡರಲ್ಲಿ ಇರುವುದನ್ನು ಗೇಮ್‌ಗೆ ಸರಿಸಿ ಒಂದೊಂದಾಗಿ ತೆರೆದು ನೋಡಬೇಕು. ತೆರೆಯದೆ ಉಳಿದವು ಬಹುಮಟ್ಟಿಗೆ 1.50ಕ್ಕೆಂದೇ ಬರೆದವು. ಅವುಗಳಿಗೆ ಹೊಸ ಆವೃತ್ತಿ ಹುಡುಕಬೇಕು.

ಉಳಿದ ನಿಯಮಗಳಿಗೆ ಇಂದಿಗೂ ಜೀವವಿದೆ. ಪ್ರತಿ ಹೋಂಬ್ರೂಗೂ ಗೇಮ್‌ನೊಳಗೆ ತನ್ನದೇ ಫೋಲ್ಡರ್ ಬೇಕು, ಅದರೊಳಗಿನ ಮುಖ್ಯ ಫೈಲಿನ ಹೆಸರು ಈಬೂಟ್.ಪಿಬಿಪಿ ಎಂದೇ ಇರಬೇಕು. ಗುರುತಿಗಾಗಿ ಹೊರಗಿನ ಫೋಲ್ಡರಿನ ಹೆಸರು ಬದಲಿಸಿದರೆ ಸಾಮಾನ್ಯವಾಗಿ ತೊಂದರೆಯಿಲ್ಲ, ಆ ಫೈಲಿನ ಹೆಸರನ್ನು ಮಾತ್ರ ಮುಟ್ಟಬಾರದು. ಡಿಸ್ಕಿನಿಂದ ಮಾಡಿಕೊಂಡ ಐಎಸ್‌ಒ ಪ್ರತಿಗಳು ಹೋಗಬೇಕಾದದ್ದು ಕಾರ್ಡಿನ ಮೊದಲ ಹಂತದಲ್ಲಿರುವ ಐಎಸ್‌ಒ ಫೋಲ್ಡರಿಗೆ. ಅದನ್ನು ಪಿಎಸ್‌ಪಿ ಫೋಲ್ಡರಿನೊಳಗೆ ಹಾಕಿ, ಮೆನುವಿನಲ್ಲಿ ಏನೂ ಕಾಣುತ್ತಿಲ್ಲ ಎಂದು ತಲೆ ಕೆಡಿಸಿಕೊಳ್ಳುವವರೇ ಹೆಚ್ಚು. ಪಿಎಸ್‌ಪಿ ಆಟಗಳು ಬರುತ್ತಿದ್ದ ಯುಎಂಡಿ ಡಿಸ್ಕಿನಲ್ಲಿ 1.8 ಜಿಬಿ ತನಕ ಹಿಡಿಯುತ್ತಿತ್ತು, ಆರಂಭದಲ್ಲಿ ಯಂತ್ರದ ಜೊತೆ ಬರುತ್ತಿದ್ದ ಮೆಮೊರಿ ಸ್ಟಿಕ್ಕಿನಲ್ಲಿ ಬರೀ 32 ಎಂಬಿ. ಈ ಅಂತರದಿಂದಲೇ ಸಿಎಸ್‌ಒ ಎಂಬ ಕುಗ್ಗಿಸಿದ ರೂಪ ಹುಟ್ಟಿತು. ಆಡುವಾಗ ಪ್ರೊಸೆಸರ್ ಅದನ್ನು ಬಿಡಿಸುತ್ತಾ ಹೋಗಬೇಕಾದ್ದರಿಂದ ಕೆಲವು ಆಟಗಳು ತಡವರಿಸುತ್ತವೆ. ಈಗ 64 ಜಿಬಿ ಮೈಕ್ರೋ ಎಸ್‌ಡಿಯನ್ನು ಅಡಾಪ್ಟರಿನಲ್ಲಿ ಹಾಕಬಹುದು, ಹಾಗಾಗಿ ಐಎಸ್‌ಒ ಆಗಿಯೇ ಇಡುವುದು ಒಳ್ಳೆಯದು. ಎರಡು ಕಾರ್ಡ್ ಹಿಡಿಯುವ ಅಡಾಪ್ಟರಿನಲ್ಲಿ ಡೇಟಾ ಎರಡಕ್ಕೂ ಹಂಚಿಹೋಗಿರುತ್ತದೆ. ಒಂದು ಕಾರ್ಡ್ ಕೆಟ್ಟರೆ ಇನ್ನೊಂದರಲ್ಲಿ ಇದ್ದದ್ದೂ ಹೋಯಿತು.

ನಿಂಟೆಂಡೊ ಡಿಎಸ್‌ನ ಕಥೆ ಬೇರೆ. ಅದರಲ್ಲಿ ಹೋಂಬ್ರೂ ನಡೆಸಲು ಹತ್ತಾರು ತಯಾರಕರ ಹತ್ತಾರು ಬಗೆಯ ಫ್ಲ್ಯಾಶ್ ಕಾರ್ಡ್‌ಗಳಿದ್ದವು, ಅಂದರೆ ಆಟದ ಕಾರ್ಟ್ರಿಜ್ ಜಾಗದಲ್ಲಿ ಸಿಕ್ಕಿಸುವ ಕಾರ್ಡ್‌ಗಳು. ಪ್ರತಿ ಕಾರ್ಡೂ ಫೈಲ್ ಓದುವ ರೀತಿ ಬೇರೆಯಾದ್ದರಿಂದ ಒಂದೇ ಪ್ರೋಗ್ರಾಂಗೆ ಕಾರ್ಡಿಗೊಂದರಂತೆ ಆವೃತ್ತಿ ಬೇಕಾಗುತ್ತಿತ್ತು. ಚಿಶ್ಮ್ ಎಂಬ ಡೆವಲಪರ್ ರೂಪಿಸಿದ ಡಿಎಲ್‌ಡಿಐ ಇದನ್ನು ಬಗೆಹರಿಸಿತು. ಪ್ರೋಗ್ರಾಂನೊಳಗೆ ಒಂದು ಜಾಗ ಖಾಲಿ ಬಿಟ್ಟು, ಯಾವ ಕಾರ್ಡಿನಲ್ಲಿ ನಡೆಸುತ್ತೇವೋ ಅದರ ಚಾಲಕವನ್ನು ಆಮೇಲೆ ಅಲ್ಲಿ ತುಂಬುವುದು ಅದರ ಉಪಾಯ. ಹಳೆಯ ಕಾರ್ಡಿನಲ್ಲಿ ಹೋಂಬ್ರೂ ಶುರುವಾಗಿಯೂ ತನ್ನ ಫೈಲುಗಳನ್ನು ಕಾಣದಿದ್ದರೆ ಮೊದಲು ನೋಡಬೇಕಾದದ್ದು ಈ ಪ್ಯಾಚ್ ಆಗಿದೆಯೇ ಎಂದು. ಆರ್4 ಎಂಬ ಫ್ಲ್ಯಾಶ್ ಕಾರ್ಡಿನ ಮೊದಲ ಮಾದರಿಗಳು 2 ಜಿಬಿಗಿಂತ ದೊಡ್ಡ ಮೈಕ್ರೋ ಎಸ್‌ಡಿಯನ್ನು ಒಪ್ಪುವುದಿಲ್ಲ. ಅಷ್ಟು ದೊಡ್ಡ ಕಾರ್ಡುಗಳ ಎಸ್‌ಡಿಎಚ್‌ಸಿ ಎಂಬ ಬಗೆಯನ್ನು ಅವು ಓದಲಾರವು.

ಡಿಎಸ್ ಆಟ ಉಳಿಸಿದ ಫೈಲು, ಅಂದರೆ ಸೇವ್, ಆಟದ ಫೈಲಿನ ಹೆಸರನ್ನೇ ಹಿಡಿದು ನಡೆಯುತ್ತದೆ. ಕೊನೆಯ ಎಕ್ಸ್‌ಟೆನ್ಶನ್ ಬಿಟ್ಟು ಉಳಿದೆಲ್ಲ ಅಕ್ಷರ, ಖಾಲಿ ಜಾಗ, ಆವರಣ ಚಿಹ್ನೆ ಒಂದೇ ಇರಬೇಕು. ಆಟದ ಹೆಸರನ್ನು ಚೆಂದ ಮಾಡಲು ಹೋಗಿ ಸೇವ್ ಮರೆತರೆ ಆಟ ಮೊದಲಿನಿಂದ ಶುರುವಾಗುತ್ತದೆ. ಹಳೆಯ ಸೇವ್ ಎಲ್ಲೂ ಹೋಗಿರುವುದಿಲ್ಲ, ಅದರ ಹೆಸರನ್ನೂ ಹೊಂದಿಸಿದರೆ ಮರಳಿ ಸಿಗುತ್ತದೆ. ಆರ್4ರಿಂದ ಟ್ವೈಲೈಟ್ ಮೆನು ಎಂಬ, ಡಿಎಸ್ ಆಟಗಳನ್ನು ತೆರೆಯುವ ಹೋಂಬ್ರೂಗೆ ಬರುವವರು ಇನ್ನೊಂದನ್ನು ಗಮನಿಸಬೇಕು. ಅಲ್ಲಿ ಸೇವ್ ಆಟದ ಪಕ್ಕದಲ್ಲೇ ಇರುತ್ತಿತ್ತು, ಇಲ್ಲಿ ಆಟದ ಫೋಲ್ಡರಿನೊಳಗಿನ ಸೇವ್ಸ್ ಎಂಬ ಉಪಫೋಲ್ಡರಿಗೆ ಹೋಗಬೇಕು.

3ಡಿಎಸ್‌ನಲ್ಲಿ ಜೋಡಿಸುವ ಕೆಲಸಕ್ಕಿಂತ ಮುಟ್ಟದೆ ಬಿಡುವ ಕೆಲಸ ದೊಡ್ಡದು. 2014ರ ನವೆಂಬರ್‌ನಲ್ಲಿ ನಿಂಜಾಹ್ಯಾಕ್ಸ್ ಎಂಬ ವಿಧಾನದ ಮೂಲಕ ಹೋಂಬ್ರೂಗೆ ಬಾಗಿಲು ತೆರೆದಾಗಿನಿಂದ ಆ ಪ್ರೋಗ್ರಾಂಗಳು 3ಡಿಎಸ್ ಎಂಬ ಫೋಲ್ಡರಿನಲ್ಲಿ ಇರುತ್ತವೆ. ಅದರ ಪಕ್ಕದಲ್ಲೇ ನಿಂಟೆಂಡೊ 3ಡಿಎಸ್ ಎಂಬ ಇನ್ನೊಂದಿದ್ದು, ಒಳಗೆ 32 ಅಕ್ಷರ ಮತ್ತು ಅಂಕಿಗಳ ಉದ್ದನೆಯ ಹೆಸರಿನ ಫೋಲ್ಡರ್ ಇರುತ್ತದೆ. ಅದರಲ್ಲಿರುವುದೆಲ್ಲ ಆ ಒಂದು ಯಂತ್ರದ ಕೀಲಿಯಿಂದ ಗೂಢಲಿಪಿಯಾದದ್ದು. ಗೆಳೆಯರ 3ಡಿಎಸ್‌ನಿಂದ ಆ ಫೋಲ್ಡರ್ ನಕಲು ಮಾಡಿಕೊಂಡರೆ ಜಾಗ ಹಾಳು, ಆಟ ಕಾಣುವುದಿಲ್ಲ. ಎರಡು ಯಂತ್ರಗಳ ಆ ಫೋಲ್ಡರುಗಳನ್ನು ಒಂದರೊಳಗೊಂದು ಬೆರೆಸುವುದಂತೂ ಬೇಡ. ಹೋಮ್ ಮೆನುವಿನ ಮಿತಿ 300 ಶೀರ್ಷಿಕೆ, ಕಾರ್ಡಿನಲ್ಲಿ ಎಷ್ಟೇ ಜಾಗ ಉಳಿದಿದ್ದರೂ ಅಷ್ಟೇ. 3ಡಿಎಸ್ ಆಟವನ್ನು ಇನ್‌ಸ್ಟಾಲ್ ಮಾಡಲು ಬಳಸುವ ಸಿಐಎ ಫೈಲನ್ನು ಇನ್‌ಸ್ಟಾಲ್ ಮಾಡಿದ ಮೇಲೆ ಮೂಲ ಫೈಲನ್ನು ಕಾರ್ಡಿನಿಂದ ಅಳಿಸಬಹುದು. ಪಿಎಸ್‌ಪಿಯ ನಂತರ ಬಂದ ಪಿಎಸ್ ವೀಟಾದ ವಿಪಿಕೆ ಫೈಲಿಗೂ ಇದೇ ಮಾತು. ಅಳಿಸದೆ ಬಿಟ್ಟರೆ ಒಂದೇ ಆಟ ಎರಡು ಸಲ ಜಾಗ ತಿನ್ನುತ್ತದೆ.

ಕಾರ್ಡ್ ಫಾರ್ಮ್ಯಾಟ್ ಮಾಡುವ ಪ್ರಶ್ನೆಯೂ ಇಲ್ಲೇ ಬರುತ್ತದೆ. ಪಿಎಸ್‌ಪಿ, ಡಿಎಸ್, 3ಡಿಎಸ್ ಮೂರಕ್ಕೂ ಬೇಕಾದದ್ದು ಫ್ಯಾಟ್32 ಎಂಬ, ಕಾರ್ಡಿನಲ್ಲಿ ಫೈಲುಗಳನ್ನು ಇಡುವ ಪದ್ಧತಿ. 64 ಜಿಬಿ ಮತ್ತು ಅದಕ್ಕಿಂತ ದೊಡ್ಡ ಕಾರ್ಡುಗಳು ಅಂಗಡಿಯಿಂದ ಎಕ್ಸ್‌ಫ್ಯಾಟ್ ಎಂಬ ಬೇರೆ ಪದ್ಧತಿಯಲ್ಲಿ ಬರುತ್ತವೆ. ವಿಂಡೋಸ್‌ನ ಮಾಮೂಲಿ ಫಾರ್ಮ್ಯಾಟ್ ಕಿಟಕಿ 32 ಜಿಬಿ ದಾಟಿದ ಕಾರ್ಡಿಗೆ ಫ್ಯಾಟ್32 ಆಯ್ಕೆಯನ್ನೇ ತೋರಿಸುತ್ತಿರಲಿಲ್ಲ, ಹಾಗಾಗಿ ಜಿಯುಐಫಾರ್ಮ್ಯಾಟ್‌ನಂಥ ಪ್ರತ್ಯೇಕ ಉಪಕರಣ ಬಳಕೆಗೆ ಬಂತು. ಕಾರ್ಡಿನ ಜಾಗ ಹಂಚುವ ಚಿಕ್ಕ ಘಟಕಕ್ಕೆ ಕ್ಲಸ್ಟರ್ ಎನ್ನುತ್ತಾರೆ. 3ಡಿಎಸ್‌ಗೆ 64 ಜಿಬಿವರೆಗೆ ಕ್ಲಸ್ಟರ್ ಗಾತ್ರ 32 ಕೆಬಿ, 128 ಜಿಬಿ ಕಾರ್ಡಿಗೆ 64 ಕೆಬಿ ಇಡಬೇಕು. 2 ಕೆಬಿಯ ಫೈಲೂ ಇಡೀ ಒಂದು ಕ್ಲಸ್ಟರ್ ಹಿಡಿಯುತ್ತದೆ. ಸರಾಸರಿ ಅರ್ಧ ಕ್ಲಸ್ಟರ್ ವ್ಯರ್ಥ ಎಂದು ಹಿಡಿದರೆ 10,000 ಚಿಕ್ಕ ಫೈಲಿಗೆ 32 ಕೆಬಿ ಲೆಕ್ಕದಲ್ಲಿ ಸುಮಾರು 160 ಎಂಬಿ ಹೋಯಿತು.

ಈಚೆಗೆ ಎಲ್ಲರ ಕೈಯಲ್ಲಿ ಕಾಣುವುದು ಲಿನಕ್ಸ್ ಆಧಾರಿತ ಅಗ್ಗದ ಯಂತ್ರಗಳು: ಮಿಯೂ ಮಿನಿ, ಆನ್‌ಬರ್ನಿಕ್, ಆರ್36ಎಸ್. ಈ ದಾರಿ ತೆರೆದದ್ದು ಕೊರಿಯಾದ ಜಿಪಿ32, 2005ರ ಜಿಪಿ2ಎಕ್ಸ್, ಆಮೇಲೆ ಬಂದ ಡಿಂಗೂ. ಸಹಿಯ ತಡೆ ಇವುಗಳಲ್ಲಿಲ್ಲ. ತೊಡಕು ಹೆಸರುಗಳದ್ದು. ಮಿಯೂ ಮಿನಿಯ ಆನಿಯನ್ ವ್ಯವಸ್ಥೆಯಲ್ಲಿ, ಒಂದೊಂದು ಹಳೆಯ ಕನ್ಸೋಲಿನ ಆಟಗಳಿಗೆ ಒಂದೊಂದರಂತೆ ಇರುವ ಫೋಲ್ಡರುಗಳಿಗೆ ಎಫ್‌ಸಿ, ಎಸ್‌ಎಫ್‌ಸಿ, ಎಂಡಿ, ಪಿಎಸ್ ಎಂದು ದೊಡ್ಡಕ್ಷರದ ಹೆಸರು. ಆರ್36ಎಸ್‌ನ ಆರ್ಕ್‌ಓಎಸ್ ವ್ಯವಸ್ಥೆಯಲ್ಲಿ ಅದೇ ಆಟಗಳಿಗೆ ಎನ್‌ಇಎಸ್, ಎಸ್‌ಎನ್‌ಇಎಸ್, ಪಿಎಸ್‌ಎಕ್ಸ್ ಎಂದು ಸಣ್ಣಕ್ಷರದ ಹೆಸರು. 1990ರ ದಶಕದಲ್ಲಿ ನಮ್ಮ ಮನೆಗಳ ಟಿವಿಗೆ ಸಿಕ್ಕಿಸಿ ಆಡುತ್ತಿದ್ದ ‘ವಿಡಿಯೋ ಗೇಮ್’ ಬಹುತೇಕ ನಿಂಟೆಂಡೊದ ಫ್ಯಾಮಿಕಾಂ ಕನ್ಸೋಲಿನ ನಕಲು, ಇಲ್ಲಿನ ಎಫ್‌ಸಿ ಅದೇ. ಒಂದು ಯಂತ್ರದ ಕಾರ್ಡನ್ನು ಇನ್ನೊಂದಕ್ಕೆ ಹಾಗೇ ನಕಲು ಮಾಡಿದರೆ ಪಟ್ಟಿ ಖಾಲಿ ಕಾಣುವುದು ಇದರಿಂದ. ಹೊಸ ಯಂತ್ರ ತಾನೇ ಮಾಡಿಕೊಂಡ ಖಾಲಿ ಫೋಲ್ಡರುಗಳನ್ನು ಉಳಿಸಿ, ಒಳಗಿನ ಫೈಲುಗಳನ್ನಷ್ಟೇ ಒಂದೊಂದಾಗಿ ಸರಿಸಿ. ಆಮೇಲೂ ಕಾಣದಿದ್ದರೆ ಮೆನುವಿನಲ್ಲಿ ಪಟ್ಟಿಯನ್ನು ರಿಫ್ರೆಶ್ ಮಾಡಬೇಕು. ಯಂತ್ರ ಹಳೆಯ ಪಟ್ಟಿಯನ್ನೇ ನೆನಪಿಟ್ಟುಕೊಂಡಿರುತ್ತದೆ.

ಆರ್36ಎಸ್‌ನ ಮುಖ್ಯ ಕಾರ್ಡನ್ನು ಎಳೆದು ಬಿಟ್ಟು ನಕಲು ಮಾಡಲಾಗದು. ಅದರಲ್ಲಿ ಲಿನಕ್ಸ್ ವಿಭಾಗಗಳಿವೆ, ವಿಂಡೋಸ್‌ಗೆ ಅವು ಓದಲು ಬರುವುದಿಲ್ಲ. ಕಾರ್ಡ್ ಹಾಕಿದೊಡನೆ ‘ಫಾರ್ಮ್ಯಾಟ್ ಮಾಡಬೇಕೆ’ ಎಂದು ಕೇಳುತ್ತದೆ. ಆ ಗುಂಡಿ ಒತ್ತಿ ವ್ಯವಸ್ಥೆಯನ್ನೇ ಕಳೆದುಕೊಂಡವರು ಬಹಳ. ವಿನ್32 ಡಿಸ್ಕ್ ಇಮೇಜರ್‌ನಂಥದ್ದರಿಂದ ಇಡೀ ಕಾರ್ಡಿನ ಇಮೇಜ್ ಮೊದಲ ದಿನವೇ ತೆಗೆದಿಡಬೇಕು, ಏಕೆಂದರೆ ಯಂತ್ರದ ಜೊತೆ ಬರುವ ಹೆಸರಿಲ್ಲದ ಕಾರ್ಡುಗಳು ಬೇಗ ಕೈಕೊಡುತ್ತವೆ. ಆರ್36ಎಸ್‌ಗೆ ಬೇರೆ ಬೇರೆ ಪರದೆಗಳನ್ನು ಕೂರಿಸಿದ್ದಾರೆ. ಬೇರೆಯವರ ಇಮೇಜ್ ಹಾಕಿದಾಗ ಪರದೆ ಕಪ್ಪಾಗಿಯೇ ಉಳಿದರೆ, ಯಂತ್ರದ ಭಾಗಗಳ ವಿವರವನ್ನು ಲಿನಕ್ಸ್‌ಗೆ ಕೊಡುವ ಡಿಟಿಬಿ ಫೈಲ್ ಹೊಂದಿಲ್ಲ ಎಂದರ್ಥ. ನಿಮ್ಮ ಮೂಲ ಕಾರ್ಡಿನ ಬೂಟ್ ವಿಭಾಗದಿಂದ ಡಿಟಿಬಿಯನ್ನು ತಂದು ಹಾಕಬೇಕು.

ಪ್ಲೇಸ್ಟೇಷನ್ 1ರ ಆಟಗಳಲ್ಲಿ ಬಿನ್ ಮತ್ತು ಕ್ಯೂ ಎಂಬ ಜೋಡಿ ಫೈಲುಗಳಿರುತ್ತವೆ. ಕ್ಯೂ ಒಂದು ಪುಟ್ಟ ಪಠ್ಯ ಫೈಲ್, ಬಿನ್‌ನ ಹೆಸರು ಅದರೊಳಗೆ ಬರೆದಿರುತ್ತದೆ. ಬಿನ್‌ನ ಹೆಸರು ಬದಲಿಸಿದರೆ ಕ್ಯೂವನ್ನು ನೋಟ್‌ಪ್ಯಾಡಿನಲ್ಲಿ ತೆರೆದು ಅಲ್ಲೂ ಬದಲಿಸಬೇಕು. ಈ ಗೋಜು ಬೇಡವೆಂದರೆ ಸಿಎಚ್‌ಡಿಮ್ಯಾನ್ ಉಪಕರಣದಿಂದ ಎರಡನ್ನೂ ಸೇರಿಸಿ ಒಂದೇ ಸಿಎಚ್‌ಡಿ ಫೈಲ್ ಮಾಡಬಹುದು, ಜಾಗವೂ ಉಳಿಯುತ್ತದೆ. ಆಟ ಎರಡು ಮೂರು ಡಿಸ್ಕಿನದಾದರೆ ಒಂದು ಎಂ3ಯು ಫೈಲ್ ಬರೆದು, ಸಾಲಿಗೊಂದರಂತೆ ಡಿಸ್ಕುಗಳ ಹೆಸರು ಕೊಡಬೇಕು. ಹೀಗೆ ಮಾಡಿದರೆ ಡಿಸ್ಕ್ ಬದಲಿಸಿದರೂ ಸೇವ್ ಒಂದೇ ಇರುತ್ತದೆ. ವಿಂಡೋಸ್ ಎಕ್ಸ್‌ಟೆನ್ಶನ್ ಅಡಗಿಸಿಡುವುದರಿಂದ ಎಂ3ಯು ಎಂದು ನೀವು ಬರೆದದ್ದು ಒಳಗೊಳಗೇ ಟಿಎಕ್ಸ್‌ಟಿ ಆಗಿ ಉಳಿದಿರಬಹುದು. ಎಕ್ಸ್‌ಟೆನ್ಶನ್ ತೋರಿಸುವ ಆಯ್ಕೆಯನ್ನು ಮೊದಲು ಹಾಕಿಕೊಳ್ಳಿ.

ಫೈಲಿಗೆ ಕನ್ನಡದಲ್ಲಿ ಹೆಸರಿಡುವ ಆಸೆ ಸಹಜ. ಆದರೆ ಹಳೆಯ ಕನ್ಸೋಲುಗಳ ಫಾಂಟಿನಲ್ಲಿ ನಮ್ಮ ಅಕ್ಷರಗಳಿಲ್ಲ, ಚೌಕಗಳಷ್ಟೇ ಕಾಣುತ್ತವೆ. ಕೆಲವು ಪ್ರೋಗ್ರಾಂಗಳು ಅಂಥ ಫೈಲನ್ನು ತೆರೆಯುವುದೇ ಇಲ್ಲ. ಲಿನಕ್ಸ್‌ನ ಎಕ್ಸ್‌ಟ್4 ವಿಭಾಗದಲ್ಲಿ ಹೆಸರಿನ ಮಿತಿ 255 ಬೈಟ್. ಕನ್ನಡದ ಪ್ರತಿ ಚಿಹ್ನೆಗೆ 3 ಬೈಟ್ ಬೇಕು. ಕೊಂಬು, ಅರ್ಧಾಕ್ಷರದ ಚಿಹ್ನೆ (್) ಎಲ್ಲವೂ ಬೇರೆ ಬೇರೆ ಲೆಕ್ಕವಾಗಿ 85ಕ್ಕೆ ಮುಗಿಯುತ್ತದೆ. ಕಂಪ್ಯೂಟರಿನಲ್ಲಿ ಮೂಲ ಪ್ರತಿಗಳಿರುವ ಮೇಲಿನ ಫೋಲ್ಡರಿಗೆ ಕನ್ನಡ ಇರಲಿ, ಕಾರ್ಡಿನೊಳಗೆ ಇಂಗ್ಲಿಷ್ ಅಕ್ಷರವೇ ಇರಲಿ.

ಹೆಸರಿಗೂ ಒಂದು ಪದ್ಧತಿ ಇದೆ. ಹಿಂದೆ ಗುಡ್‌ಟೂಲ್ಸ್ ಪಟ್ಟಿಗಳು ಯು, ಇ, ಜೆ ಎಂಬ ಒಂಟಿ ಅಕ್ಷರಗಳಿಂದ ದೇಶ ಸೂಚಿಸುತ್ತಿದ್ದವು. ಈಗ ಕಾರ್ಟ್ರಿಜ್ ಆಟಗಳಿಗೆ ನೋ-ಇಂಟ್ರೋ, ಡಿಸ್ಕ್ ಆಟಗಳಿಗೆ ರೀಡಂಪ್ ಪಟ್ಟಿಗಳನ್ನು ಅನುಸರಿಸುತ್ತಾರೆ. ಅವುಗಳಲ್ಲಿ ಪ್ರತಿಯೊಂದು ಫೈಲಿನ ಹ್ಯಾಶ್, ಅಂದರೆ ಅದರ ಡೇಟಾದಿಂದ ಲೆಕ್ಕ ಹಾಕಿದ ಗುರುತಿನ ಸಂಖ್ಯೆ, ಕೂಡ ಇರುವುದರಿಂದ ನಿಮ್ಮ ಪ್ರತಿ ಸರಿಯಾಗಿದೆಯೇ ಎಂದು ತಾಳೆ ನೋಡಬಹುದು. ಒಂದೇ ಆಟದ ಅಮೆರಿಕ ಮತ್ತು ಯುರೋಪ್ ಪ್ರತಿ ಎರಡೂ ಇದ್ದು, ಅದು ಟಿವಿ ಕನ್ಸೋಲಿನ ಆಟವಾದರೆ ಅಮೆರಿಕದ್ದನ್ನು ಉಳಿಸಿಕೊಳ್ಳಿ. ಯುರೋಪಿನದು ಅಲ್ಲಿನ ಟಿವಿಗಳ 50 ಹರ್ಟ್ಸ್‌ಗೆ ಮಾಡಿದ್ದು, ಹಲವು ಆಟಗಳು ಅದರಲ್ಲಿ ನಿಧಾನ. ಗೇಮ್‌ಬಾಯ್ ಆಟಗಳಿಗೆ ಈ ವ್ಯತ್ಯಾಸ ಇಲ್ಲ.

ಕಾನೂನಿನ ಮಾತು ಬಿಡುವಂತಿಲ್ಲ. 1957ರ ಕೃತಿಸ್ವಾಮ್ಯ ಕಾಯ್ದೆಯ 52(1)(ಎಎ) ಕಲಮು, ಕಂಪ್ಯೂಟರ್ ಪ್ರೋಗ್ರಾಂ ಒಂದರ ಪ್ರತಿಯನ್ನು ನ್ಯಾಯವಾಗಿ ಹೊಂದಿದವರು ನಷ್ಟದಿಂದ ತಾತ್ಕಾಲಿಕ ರಕ್ಷಣೆಗಾಗಿ ಬ್ಯಾಕಪ್ ಮಾಡಿಕೊಳ್ಳಲು ಅವಕಾಶ ಕೊಡುತ್ತದೆ. ಇನ್ನೊಬ್ಬರಿಗೆ ಹಂಚುವುದಕ್ಕೆ ಅದು ಅನ್ವಯಿಸದು. ಬರೆದವರೇ ಉಚಿತವಾಗಿ ಹಂಚುವ ಹೋಂಬ್ರೂ ಆಟಗಳು ಸಾಕಷ್ಟಿವೆ. ಕೈಯಿಂದ ಕೈಗೆ ಕೊಡಲು ಯೋಗ್ಯವಾದವು ಅವೇ.

ಇನ್ನು ಮಳೆಗಾಲ. ಜೂನ್‌ನಿಂದ ಸೆಪ್ಟೆಂಬರ್‌ವರೆಗೆ ನಮ್ಮಲ್ಲಿ ಕರೆಂಟ್ ಯಾವಾಗ ಹೋಗುತ್ತದೆ ಎಂದು ಹೇಳಲಾಗದು. ಸೆಕೆಂಡಿಗೆ 10 ಎಂಬಿ ವೇಗದಲ್ಲಿ 64 ಜಿಬಿ ತುಂಬಲು ಸುಮಾರು 1 ಗಂಟೆ 47 ನಿಮಿಷ ಬೇಕು, ಚಿಕ್ಕ ಫೈಲುಗಳಾದರೆ ಇನ್ನೂ ಹೆಚ್ಚು. ಫ್ಯಾಟ್32ರಲ್ಲಿ ಅರ್ಧಕ್ಕೆ ನಿಂತ ಬರವಣಿಗೆಯನ್ನು ಸರಿಪಡಿಸುವ ಜರ್ನಲ್ ಇಲ್ಲ. ನಡುವೆ ಕರೆಂಟ್ ಹೋದರೆ ಕೆಲವು ಫೈಲುಗಳ ಗಾತ್ರ ಸರಿ ಕಂಡರೂ ಒಳಗಿನ ಡೇಟಾ ಕೆಟ್ಟಿರಬಹುದು. ಚೆಕ್‌ಡಿಸ್ಕ್ ಓಡಿಸಿದಾಗ ಫೌಂಡ್.000 ಎಂಬ ಫೋಲ್ಡರ್ ಹುಟ್ಟಿಕೊಂಡಿದ್ದರೆ ಅದು ಇಂಥ ಚೂರುಗಳದು. ಜೋಡಿಸಲು ಕೂರಬೇಡಿ, ಆ ಆಟಗಳನ್ನು ಮತ್ತೆ ನಕಲು ಮಾಡಿ. ಬ್ಯಾಟರಿ ಇರುವ ಲ್ಯಾಪ್‌ಟಾಪಿನಲ್ಲೇ ಈ ಕೆಲಸ ಮಾಡುವುದು ಲೇಸು. ಹೊಸ ಕಾರ್ಡಾದರೆ ತುಂಬುವ ಮೊದಲು ಎಚ್2ಟೆಸ್ಟ್‌ಡಬ್ಲ್ಯೂ ಅಥವಾ ಎಫ್3ಯಿಂದ ಪರೀಕ್ಷಿಸಿ. ಗಾತ್ರ ಸುಳ್ಳು ಹೇಳುವ ನಕಲಿ ಕಾರ್ಡು ನಿಜವಾದ ಜಾಗ ಮುಗಿಯುವವರೆಗೆ ಸರಿಯಾಗಿಯೇ ನಡೆಯುತ್ತದೆ, ಆಮೇಲೆ ಬರೆದದ್ದು ಹಾಳಾಗುತ್ತದೆ. ಬಳಸದ ಕಾರ್ಡುಗಳು ಗಾಳಿಯಾಡದ ಡಬ್ಬಿಯಲ್ಲಿ ಸಿಲಿಕಾ ಜೆಲ್ ಜೊತೆ ಇರಲಿ.

ಆಟದ ಫೈಲನ್ನು ಮತ್ತೆ ತರಬಹುದು, ಸೇವ್ ತರಲಾಗದು. ಅದಕ್ಕೇ ಸೇವ್‌ಗಳ ಪ್ರತಿ ಕಂಪ್ಯೂಟರಿನಲ್ಲಿ ಬೇರೆಯಾಗಿಯೇ ಇರಬೇಕು: ಪಿಎಸ್‌ಪಿಯಲ್ಲಿ ಸೇವ್‌ಡೇಟಾ ಫೋಲ್ಡರ್, ಟ್ವೈಲೈಟ್ ಮೆನುವಿನಲ್ಲಿ ಸೇವ್ಸ್, ಆನಿಯನ್‌ನಲ್ಲೂ ಸೇವ್ಸ್. ಹೊಸದು ಯಾವುದು, ಹಳೆಯದು ಯಾವುದು ಎಂದು ಫೈಲಿನ ತಾರೀಕು ನೋಡಿ ತೀರ್ಮಾನಿಸಬೇಡಿ. ಮಿಯೂ ಮಿನಿಯಂಥ ಯಂತ್ರದಲ್ಲಿ ಆಫ್ ಆದಾಗಲೂ ನಡೆಯುವ ಗಡಿಯಾರ ಇಲ್ಲ, ನಿನ್ನೆ ಉಳಿಸಿದ ಸೇವ್‌ಗೆ ಎಷ್ಟೋ ಹಿಂದಿನ ತಾರೀಕು ಬಿದ್ದಿರಬಹುದು. ಹೊಸದನ್ನಷ್ಟೇ ಉಳಿಸುವ ಸಿಂಕ್ ತಂತ್ರಾಂಶ ಅಂಥ ಸೇವ್ ಮೇಲೆ ಹಳೆಯದನ್ನು ಬರೆದುಬಿಡುತ್ತದೆ. ನಕಲು ಮಾಡಿದ ದಿನದ ತಾರೀಕನ್ನು ಫೋಲ್ಡರಿಗೆ ಹೆಸರಾಗಿ ಕೊಟ್ಟು, ಪ್ರತಿ ಸಲ ಹೊಸ ಫೋಲ್ಡರಿನಲ್ಲೇ ಇಡಿ.