ರವೆ ಕೆಂಪಾಗೋ ಹೊತ್ತಿಗೆ ಸಿಗಡಿ ರಬ್ಬರ್!

ಓಟಿಜಿ, ಅಂದರೆ ಕರೆಂಟಿನ ಪುಟ್ಟ ಓವನ್, ಮನೆಗೆ ಬಂದ ವಾರವೇ ನಾನು ಮಾಡಿದ್ದು ಸಿಗಡಿ. ತವಾದಲ್ಲಿ ಮಾಡುವ ರವಾ ಫ್ರೈಯನ್ನೇ ಅದರೊಳಗೆ ಇಟ್ಟರಾಯಿತು, ಎಣ್ಣೆಯೂ ಉಳಿಯುತ್ತದೆ ಅಂದುಕೊಂಡಿದ್ದೆ. ಮಸಾಲೆ ಹಚ್ಚಿ, ರವೆಯಲ್ಲಿ ಹೊರಳಿಸಿ, 200 ಡಿಗ್ರಿಗೆ ಇಟ್ಟೆ. ಹತ್ತು ನಿಮಿಷ ಆದರೂ ರವೆ ಬೆಳ್ಳಗೇ ಇತ್ತು. ಇನ್ನೂ ಹತ್ತು ನಿಮಿಷ ಬಿಟ್ಟೆ. ರವೆಗೇನೋ ಬಣ್ಣ ಬಂತು, ಸಿಗಡಿ ಮಾತ್ರ ಚಪ್ಪಲಿ ರಬ್ಬರ್. ಮನೆಯವರು ಪಾಪ, ಮಾತಾಡದೆ ಅಗಿದರು.

ತಪ್ಪು ಮಸಾಲೆಯದ್ದಲ್ಲ, ಗಾಳಿಯದ್ದು. 200 ಡಿಗ್ರಿ ಕಾದ ಓವನ್ನಿನೊಳಗೆ ಕೈ ಹಾಕಿ, ಬಟ್ಟೆ ಹಿಡಿದು ಟ್ರೇ ಎಳೆಯುತ್ತೇವೆ. ಕಬ್ಬಿಣ ತಾಗದಿದ್ದರೆ ಕೈ ಸುಡುವುದಿಲ್ಲ. ಅದೇ ಕೈಯನ್ನು 100 ಡಿಗ್ರಿಯ ಕುದಿನೀರಿಗೆ ಅದ್ದುತ್ತೀರಾ? ಗಾಳಿ ತೀರಾ ತೆಳು, ಹಾಗಾಗಿ ಅದು ಹೊತ್ತು ತರುವ ಬಿಸಿಯೂ ಕಡಿಮೆ. ಎಣ್ಣೆ ಹಾಗಲ್ಲ, ರವೆಯ ಒಂದೊಂದು ಕಾಳನ್ನೂ ಸುತ್ತುವರಿದು ಬಿಸಿ ಕೊಡುತ್ತದೆ, ಎರಡು ಮೂರು ನಿಮಿಷದಲ್ಲಿ ಕೆಲಸ ಮುಗಿಯುತ್ತದೆ. ಇದರ ಮೇಲೆ ಮಸಾಲೆಯ ಒದ್ದೆ ಬೇರೆ. ನೀರು ಆವಿಯಾಗಿ ಮುಗಿಯುವ ತನಕ ಆ ಜಾಗ 100 ಡಿಗ್ರಿ ದಾಟುವುದೇ ಇಲ್ಲ. ಕೆಂಪು ಬಣ್ಣ, ಹುರಿದ ಘಮ ಎರಡೂ ಚುರುಕಾಗಿ ಬರುವುದಕ್ಕೆ ಸುಮಾರು 140 ಡಿಗ್ರಿ ಬೇಕು. ಸಕ್ಕರೆ ಮತ್ತು ಅಮೈನೋ ಆಮ್ಲ (ಪ್ರೋಟೀನಿನ ಬಿಡಿ ತುಣುಕು) ಸೇರಿ ನಡೆಸುವ ಈ ಆಟವನ್ನು 1912ರಲ್ಲಿ ಬರೆದಿಟ್ಟವನು ಫ್ರಾನ್ಸಿನ ಲೂಯಿ ಮೈಯಾರ್, ಅವನ ಹೆಸರೇ ಅದಕ್ಕೆ ನಿಂತಿದೆ.

ಸಿಗಡಿ ಇಷ್ಟೆಲ್ಲ ಕಾಯುವುದಿಲ್ಲ. ಕುರಿಯ ಮೈಗಿಂತ ತಣ್ಣಗಿರುವ ನೀರಲ್ಲಿ ಬದುಕುವ ಜೀವಿ, ಅದರ ಮಾಂಸದ ಪ್ರೋಟೀನಿನ ಸುರುಳಿ ಕುರಿಯದ್ದಕ್ಕಿಂತ ಕಡಿಮೆ ಬಿಸಿಗೇ ಬಿಚ್ಚಿಕೊಳ್ಳುತ್ತದೆ. 60 ಡಿಗ್ರಿ ಆಸುಪಾಸಿನಲ್ಲಿ ಗಾಜಿನಂತಿದ್ದದ್ದು ಬೆಳ್ಳಗಾಗಿ ಬೆಂದಿರುತ್ತದೆ. 70 ದಾಟಿದರೆ ಎಳೆಗಳು ಬಿಗಿದುಕೊಂಡು, ಒದ್ದೆ ಬಟ್ಟೆ ಹಿಂಡಿದ ಹಾಗೆ ಒಳಗಿನ ರಸವನ್ನು ಹೊರಹಾಕುತ್ತವೆ. ಮಟನ್ ಗಟ್ಟಿ ಇದ್ದರೆ ಇನ್ನೆರಡು ವಿಶಲ್ ಕೂಗಿಸಬಹುದು, ಅದರಲ್ಲಿರುವ ಕೊಲಾಜೆನ್ ಎಂಬ ಗಟ್ಟಿ ನಾರು ಕರಗಿ ಮೆತ್ತಗಾಗುತ್ತದೆ. ಸಿಗಡಿಯಲ್ಲಿ ಹಾಗೆ ಕರಗುವುದಕ್ಕೆ ಜಾಸ್ತಿ ಏನೂ ಇಲ್ಲ. (ಬೊಂಡಾಸ್, ಅಂದರೆ ಸ್ಕ್ವಿಡ್, ಅದರ ಕಥೆ ಬೇರೆ. ಎರಡು ನಿಮಿಷಕ್ಕೂ ಚೆನ್ನ, ಮುಕ್ಕಾಲು ಗಂಟೆಗೂ ಚೆನ್ನ, ನಡುವೆ ಮಾತ್ರ ಟಯರು.)

ಅಂದರೆ ರವೆಯ ಗಡಿಯಾರ ಬೇರೆ, ಸಿಗಡಿಯದ್ದು ಬೇರೆ. ಎರಡನ್ನೂ ಒಟ್ಟಿಗೆ ಬೇಯಿಸುವ ಹಟ ಯಾಕೆ? ಈಗ ನಾನು ರವೆಯನ್ನು ಎರಡು ಚಮಚ ತೆಂಗಿನೆಣ್ಣೆ ಹಾಕಿ ಬಾಣಲೆಯಲ್ಲೇ ಹೊಂಬಣ್ಣಕ್ಕೆ ಹುರಿದುಕೊಳ್ಳುತ್ತೇನೆ. ಅರ್ಧ ಕೆಜಿ ಬಿಡಿಸಿದ ಸಿಗಡಿಗೆ ಅರ್ಧ ಚಮಚ ಉಪ್ಪು, ಕಾಲು ಚಮಚ ಅಡುಗೆ ಸೋಡಾ ಸವರಿ ಹದಿನೈದು ನಿಮಿಷ ಫ್ರಿಜ್ಜಿನಲ್ಲಿಡುತ್ತೇನೆ. ಸೋಡಾ ಕ್ಷಾರ ತಾನೇ, ಅದು ಸೇರಿದರೆ ಪ್ರೋಟೀನು ನೀರನ್ನು ಬಿಗಿಯಾಗಿ ಹಿಡಿದುಕೊಳ್ಳುತ್ತದೆ. ಆಮೇಲೆ ಬಟ್ಟೆಯಲ್ಲಿ ಚೆನ್ನಾಗಿ ಒರೆಸಿ, ಗಟ್ಟಿ ಮಸಾಲೆ ಹಚ್ಚಿ, ಹುರಿದ ರವೆಯಲ್ಲಿ ಹೊರಳಿಸಿ, ಮೊದಲೇ 220ಕ್ಕೆ ಕಾಯಿಸಿಟ್ಟ ಓವನ್ನಿಗೆ. ಮಧ್ಯಮ ಗಾತ್ರಕ್ಕೆ ಆರೇಳು ನಿಮಿಷ ಸಾಕು. ಫ್ಯಾನ್ ಇದ್ದರೆ ಹಾಕಿ. ಆಹಾರದ ಸುತ್ತ ಕಂಬಳಿಯಂತೆ ಕೂತ ತಣ್ಣನೆ ಗಾಳಿಯನ್ನು ಅದು ಸರಿಸುತ್ತದೆ, ಏರ್ ಫ್ರೈಯರಿನ ಗುಟ್ಟೂ ಇಷ್ಟೇ.

ಮಸಾಲೆಗೆ ಹುಣಸೆಹುಳಿ ಹಾಕಬೇಡಿ ಅಂದರೆ ಮಂಗಳೂರಿನವರು ನನ್ನನ್ನು ಬಿಡಲಿಕ್ಕಿಲ್ಲ. ಆದರೆ ಹುಳಿ ಸೋಡಾದ ಕೆಲಸವನ್ನು ಕೆಡಿಸುತ್ತದೆ, ಜಾಸ್ತಿ ಹೊತ್ತು ಇಟ್ಟರೆ ಬೆಂಕಿಯೇ ಇಲ್ಲದೆ ಮಾಂಸವನ್ನು ಅರೆಬೇಯಿಸುತ್ತದೆ. ಲಿಂಬೆಯನ್ನು ತಟ್ಟೆಗೆ ಬಂದ ಮೇಲೆ ಹಿಂಡಿದರಾಯಿತು. ಮೀನುವಾಸನೆಗೆ ಮುಖ್ಯ ಕಾರಣವಾದ ಟ್ರೈಮೀಥೈಲ್ ಅಮೀನ್ ಗಾಳಿಗೆ ಹಾರದಂತೆ ಹುಳಿ ಅದನ್ನು ಕಟ್ಟಿಹಾಕುತ್ತದೆ, ಆ ಲಾಭ ಆಗಲೂ ಸಿಗುತ್ತದೆ.

ಬೆಂದಿದ್ದು ಹೇಗೆ ಗೊತ್ತಾಗುತ್ತದೆ? ಹಸಿ ಸಿಗಡಿಯಲ್ಲೂ ಕೆಂಪು ಇದೆ, ಅಸ್ಟಾಕ್ಸಾಂತಿನ್ ಅಂತ, ಪ್ರೋಟೀನೊಂದು ಅದನ್ನು ಅಪ್ಪಿಹಿಡಿದಿರುವುದರಿಂದ ನೀಲಿ-ಬೂದು ಕಾಣುತ್ತದೆ. ಬಿಸಿಗೆ ಆ ಹಿಡಿತ ಸಡಿಲಿದಾಗ ಕೆಂಪು ಹೊರಬೀಳುತ್ತದೆ. ರವೆಯಡಿ ಇದು ಕಾಣದು ಅಲ್ವಾ, ಅದಕ್ಕೆ ದಪ್ಪದ್ದೊಂದನ್ನು ಮುರಿದು ನೋಡಿ. ನಡುವೆ ಗಾಜಿನಂತಿದ್ದದ್ದು ಹೋಗಿದ್ದರೆ ಆಯಿತು. ಥರ್ಮಾಮೀಟರ್ ಇದ್ದರೆ 63 ಡಿಗ್ರಿ.

ಮರುವಾಯಿಗೂ (ಕಪ್ಪೆಚಿಪ್ಪು) ಇದೇ ಲೆಕ್ಕ. ಅದರ ಚಿಪ್ಪನ್ನು ತೆರೆಯುವುದು ಕೀಲು, ಮುಚ್ಚಿ ಹಿಡಿಯುವುದು ಜೀವಂತ ಸ್ನಾಯು. ಹಾಗಾಗಿ ಹಸಿಯಲ್ಲೇ ಬಾಯಿ ಬಿಟ್ಟಿದ್ದು ತಟ್ಟಿದರೂ ಮುಚ್ಚದಿದ್ದರೆ ಎಸೆಯಿರಿ. ಹಬೆಯಲ್ಲಿ ಬಾಯಿ ತೆರೆದ ತಕ್ಷಣ ತೆಗೆದು, ಮಾಂಸವಿರುವ ಅರ್ಧ ಚಿಪ್ಪನ್ನು ಉಳಿಸಿಕೊಂಡು, ಬೆಳ್ಳುಳ್ಳಿ ಜಜ್ಜಿ ಹಾಕಿದ ಕಾಯಿತುರಿ ಮತ್ತು ಹುರಿದ ರವೆ ತುಂಬಿ, ಮೇಲಿನ ಕಾಯಿಲ್ ಒಂದರಲ್ಲೇ ಮೂರು ನಿಮಿಷ ಇಡಿ. ಟ್ರೇಗೆ ಕಲ್ಲುಪ್ಪು ಹಾಸಿದರೆ ಚಿಪ್ಪುಗಳು ವಾಲುವುದಿಲ್ಲ. ಹಬೆಯಲ್ಲಿ ಇಳಿದ ನೀರನ್ನು ಚೆಲ್ಲಬೇಡಿ. ಕಡಲಿನ ಉಪ್ಪಿಗೆ ಸರಿದೂಗಲು ಈ ಜೀವಿಗಳು ಮೈಯಲ್ಲಿ ಗ್ಲೈಸಿನ್‌ನಂಥ ಅಮೈನೋ ಆಮ್ಲ ತುಂಬಿಕೊಂಡಿರುತ್ತವೆ, ನಾಲಿಗೆಗೆ ಅದು ಸಿಹಿ. ಮರಳು ತಳಕ್ಕೆ ಕೂರಲು ಬಿಟ್ಟು, ಮೇಲಿನ ತಿಳಿಯನ್ನು ಚಿಪ್ಪಿಗೊಂದೊಂದು ಚಮಚ ಹಾಕಿ.